ಕೋಲಾರೈಟ್ ಎಂಬ ಪದ

ಮೂವತ್ತು ವರ್ಷ ಮಕ್ಕಳ ನೋಟ್‌ಬುಕ್ಕುಗಳನ್ನು ತಿದ್ದಿದವಳಿಗೆ ತಾನು ಹೊಡೆದುಹಾಕಿದ ಪದಗಳ ಲೆಕ್ಕ ಇರುವುದಿಲ್ಲ. ಒಂದು ಮಾತ್ರ ನೆನಪಿದೆ. 1997ರಲ್ಲಿ, ಕೋಲಾರ ಜಿಲ್ಲೆಯ ಗಣಿ ಪ್ರದೇಶಕ್ಕೆ ಹತ್ತಿರದ ಒಂದು ಪ್ರೌಢಶಾಲೆಯಲ್ಲಿ ಎಂಟನೆಯ ತರಗತಿಗೆ ಕನ್ನಡ ಹೇಳುತ್ತಿದ್ದೆ. 'ನಮ್ಮ ಊರು' ಎಂದು ಪ್ರಬಂಧ ಬರೆಯಲು ಕೊಟ್ಟಿದ್ದೆ. ನಲವತ್ತು ಮಕ್ಕಳಲ್ಲಿ ಮೂವತ್ತೈದು ಮಂದಿ 'ನಮ್ಮ ಊರು ಬಹಳ ಸುಂದರವಾಗಿದೆ' ಎಂದು ಆರಂಭಿಸಿದ್ದರು. ಗಣಿ ಕಾರ್ಮಿಕರ ಲೈನ್ ಮನೆಯಿಂದ ಬರುತ್ತಿದ್ದ ಒಬ್ಬ ಹುಡುಗಿ ಮಾತ್ರ ಹೀಗೆ ಬರೆದಿದ್ದಳು: ನಮ್ಮ ಊರಿನ ಹೆಸರಿಟ್ಟ ಒಂದು ಖನಿಜ ಇದೆ, ಅದರ ಹೆಸರು ಕೋಲಾರೈಟ್.

ನಾನು ಆ ಪದಕ್ಕೆ ಕೆಂಪು ಗೆರೆ ಎಳೆದು, ಪಕ್ಕದಲ್ಲಿ 'ಇಲ್ಲದ ಪದ ಬಳಸಬಾರದು' ಎಂದು ಬರೆದು ಅರ್ಧ ಅಂಕ ಕಳೆದೆ. ಅವಳು ಎದ್ದು ನಿಂತು, "ಇದೆ ಮಿಸ್, ನಮ್ಮ ಚಿತ್ತಪ್ಪ ಹೇಳಿದ್ರು" ಎಂದಳು. ಅವಳ ಚಿತ್ತಪ್ಪ ಗಣಿಯೊಳಗಿಂದ ಪರೀಕ್ಷೆಗೆ ಕಲ್ಲಿನ ಚೂರುಗಳನ್ನು ಒಡೆದು ತರುವ ಕೆಲಸದಲ್ಲಿದ್ದನಂತೆ. "ನಿಮ್ಮ ಚಿತ್ತಪ್ಪನ ಹತ್ತಿರ ನಿಘಂಟು ಇದೆಯೇನಮ್ಮ?" ಎಂದೆ. ತರಗತಿ ನಕ್ಕಿತು. ಅವಳು ಕೂತಳು.

ಆ ಹುಡುಗಿಯ ಮನೆಮಾತು ತಮಿಳು. ಒತ್ತಕ್ಷರ ತಪ್ಪುತ್ತಿದ್ದಳು, ಹ-ಕಾರ ಬಿಡುತ್ತಿದ್ದಳು. ಅವಳ ಪುಟದಲ್ಲಿ ನನಗೆ ಗೊತ್ತಿಲ್ಲದ ಪದ ಕಂಡರೆ ಅದು ತಪ್ಪೇ ಇರಬೇಕೆಂದು ಪೆನ್ನು ಮೊದಲೇ ತೀರ್ಮಾನಿಸಿತ್ತು. ಇದೇ ಪದವನ್ನು ಮುಂದಿನ ಬೆಂಚಿನ ವಕೀಲರ ಮಗ ಬರೆದಿದ್ದರೆ ಗೆರೆ ಎಳೆಯುವ ಮುಂಚೆ ಸ್ಟಾಫ್ ರೂಮಿನಲ್ಲಿ ಯಾರನ್ನಾದರೂ ಕೇಳಿರುತ್ತಿದ್ದೆ. ಇದನ್ನು ಒಪ್ಪಿಕೊಳ್ಳುವುದಕ್ಕೆ ನನಗೆ ಬಹಳ ವರ್ಷ ಬೇಕಾಯಿತು.

ಹತ್ತು ಹನ್ನೆರಡು ವರ್ಷಗಳಾದ ಮೇಲೆ ಇನ್ನೊಂದು ಶಾಲೆಯಲ್ಲಿ, ವಿಜ್ಞಾನದ ಮೇಷ್ಟರ ಮೇಜಿನ ಮೇಲಿದ್ದ ಖನಿಜಗಳ ಕೈಪಿಡಿಯೊಂದನ್ನು ಹೊತ್ತು ಹೋಗದೆ ತಿರುವಿಹಾಕುತ್ತಿದ್ದೆ. ಅದರ ಅಕಾರಾದಿಯಲ್ಲಿ ಕೋಲಾರೈಟ್ ಇತ್ತು. ಮುಂದೆ ಕೆಲವು ಪುಟಗಳಾಚೆ ಅದರ ಜೊತೆಗಾರ ರಾಧಾಕೃಷ್ಣೈಟ್ ಕೂಡ ಇತ್ತು. ಅಂದಿನಿಂದ ಈ ಎರಡು ಪದಗಳನ್ನು ಕಂಡಲ್ಲಿ ನಿಂತು ನೋಡುವುದು ನನಗೊಂದು ಚಾಳಿಯಾಗಿದೆ. ನಾನು ಓದಿದ್ದು ಬಿ.ಎ., ಬಿ.ಎಡ್.; ಭೂವಿಜ್ಞಾನ ನನ್ನ ಕ್ಷೇತ್ರವಲ್ಲ. ಆದರೆ ಪದ ಯಾವ ಶಾಸ್ತ್ರದ್ದಾದರೂ ಪದವೇ ತಾನೆ? ಅದರ ಅರ್ಥವೇನು, ಅದನ್ನು ನಮ್ಮವರು ಹೇಗೆ ಬಳಸುತ್ತಿದ್ದಾರೆ ಎಂದು ಕೇಳುವ ಅಧಿಕಾರ ಕನ್ನಡ ಮೇಡಮ್ಮಿಗೂ ಇದೆ ಎಂದುಕೊಂಡು ಬರೆಯುತ್ತಿದ್ದೇನೆ.

ಮೊದಲು ವಸ್ತುವಿನ ಮಾತು. ಕೋಲಾರ ಚಿನ್ನದ ಗಣಿಯ ಮುಖ್ಯ ಎಳೆಗೆ ಚಾಂಪಿಯನ್ ಲೋಡ್ ಎಂದು ಹೆಸರು. ಬೆಣಚುಕಲ್ಲಿನ ಆ ಎಳೆಯನ್ನು ಹಿಂಬಾಲಿಸಿಯೇ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿದದ್ದು. ಅಲ್ಲಿಂದ ತಂದ ಅದಿರಿನ ಮಾದರಿಗಳನ್ನು ಸೋವಿಯತ್ ವಿಜ್ಞಾನಿಗಳಾದ ಎ. ಡಿ. ಗೆಂಕಿನ್, ಯು. ಜಿ. ಸಫೊನೊವ್ ಮತ್ತು ಅವರ ಸಂಗಡಿಗರು, ನಮ್ಮ ವಿ. ಎನ್. ವಾಸುದೇವ್, ಬಿ. ಕೃಷ್ಣರಾವ್ ಅವರೊಡನೆ ಸೇರಿ ಪರೀಕ್ಷಿಸಿದರು. ಜಗತ್ತಿನಲ್ಲಿ ಅಲ್ಲಿಯವರೆಗೆ ಯಾರೂ ವರ್ಣಿಸದ ಎರಡು ಖನಿಜಗಳು ಅದರಲ್ಲಿ ಸಿಕ್ಕವು. 1985ರಲ್ಲಿ 'ಕೆನೆಡಿಯನ್ ಮಿನರಾಲಜಿಸ್ಟ್' ಎಂಬ ಪತ್ರಿಕೆಯಲ್ಲಿ ಪ್ರಕಟಿಸಿ ಹೆಸರಿಟ್ಟರು. ಕೋಲಾರೈಟಿನಲ್ಲಿ ಸೀಸ ಒಂದು ಪಾಲು, ಟೆಲುರಿಯಂ ಒಂದು ಪಾಲು, ಕ್ಲೋರಿನ್ ಎರಡು ಪಾಲು. ರಾಧಾಕೃಷ್ಣೈಟಿನಲ್ಲಿ ಸೀಸ ಒಂದಕ್ಕೆ ಟೆಲುರಿಯಂ ಮೂರು. ಕ್ಲೋರಿನ್ನಿನ ಜಾಗದಲ್ಲಿ ಸ್ವಲ್ಪ ಗಂಧಕವೂ ಬಂದು ಕೂತಿರುತ್ತದೆ. ಎರಡೂ ಬರಿಗಣ್ಣಿಗೆ ಕಾಣುವುದಿಲ್ಲ, ಸೂಕ್ಷ್ಮದರ್ಶಕದ ಕೆಳಗೆ ಮಾತ್ರ ಕಾಣುವ ಕಣಗಳು. ಉಂಗುರಕ್ಕೆ ಕೂರಿಸುವುದಿರಲಿ, ಅಂಗೈ ಮೇಲೆ ಇಟ್ಟು 'ಇದು ಕೋಲಾರೈಟ್' ಎಂದು ಮಕ್ಕಳಿಗೆ ತೋರಿಸಲೂ ಆಗದು.

ಇನ್ನು ಪದ. 'ಕೋಲಾರ' ನಮಗೆ ಗೊತ್ತು; ಬಾಲದಲ್ಲಿರುವ 'ಐಟ್' ಏನು? ಇಂಗ್ಲಿಷಿನದೆಂದು ನಾವೆಲ್ಲ ತಿಳಿದಿದ್ದೇವೆ. ಮೂಲ ಗ್ರೀಕಿನದು. ಗ್ರೀಕರು ಕೆಂಪು ಕಬ್ಬಿಣದ ಕಲ್ಲನ್ನು 'ಹೈಮಟಿಟೀಸ್ ಲಿಥೋಸ್' ಎಂದರು. ಹೈಮ ಎಂದರೆ ರಕ್ತ, ಲಿಥೋಸ್ ಎಂದರೆ ಕಲ್ಲು. 'ರಕ್ತದಂಥ ಕಲ್ಲು' ಎಂದರ್ಥ. ಬರುಬರುತ್ತಾ ಕಲ್ಲು ಬಿದ್ದುಹೋಗಿ ವಿಶೇಷಣ ಉಳಿಯಿತು. ಸಂಡೂರು, ಬಳ್ಳಾರಿಗಳಿಂದ ಲಾರಿಗಟ್ಟಲೆ ಸಾಗಿದ ಹೆಮಟೈಟ್ ಆದದ್ದು ಹೀಗೆ. ಕಲ್ಲು ಬಿದ್ದುಹೋದರೂ ಅರ್ಥ ಕೆಡದೆ ಇರುವುದು ನಮಗೆ ಹೊಸದೇನಲ್ಲ. ಮದುವೆ ಮನೆಯಲ್ಲಿ "ಅವಳು ಮೊಳಕಾಲ್ಮೂರು ಉಟ್ಟಿದ್ದಾಳೆ, ಇವಳು ಧರ್ಮಾವರಂ" ಎನ್ನುತ್ತೇವೆ. ಊರನ್ನೇ ಉಟ್ಟರೇ ಎಂದು ಯಾರೂ ಕೇಳುವುದಿಲ್ಲ. ಸೀರೆ ಎಂಬ ಪದ ಬಿಟ್ಟರೂ ಸೀರೆ ಅಲ್ಲೇ ಇದೆ. ಕೋಲಾರೈಟ್ ಎಂದರೂ ಅಷ್ಟೇ: 'ಕೋಲಾರದ್ದು' ಎಂದರ್ಥ. ವ್ಯಾಕರಣದಲ್ಲಿ ತದ್ಧಿತಾಂತ ಎಂದು ನಾವು ಕಲಿಸುವುದಿಲ್ಲವೇ, ಕನ್ನಡಿಗ, ಮಾಲೆಗಾರ ಎಂದು ಉದಾಹರಣೆ ಕೊಟ್ಟು? ಇದೂ ಅದೇ ಜಾತಿಯದು, ಪ್ರತ್ಯಯ ಮಾತ್ರ ದೂರದ ನೆಂಟ.

ಕೂಡಿಸುವಾಗಲೂ ನಮ್ಮ ಬಾಯಿಗೆ ಒಗ್ಗುವ ಹಾಗೆಯೇ ಕೂಡುತ್ತದೆ. ಕೋಲಾರ ಎಂಬುದರ ಕೊನೆಯ ಅಕಾರಕ್ಕೆ ಐಕಾರ ಎದುರಾಗಿ ಕೋಲಾರೈಟ್. ಏಕ, ಏಕ ಸೇರಿ ಏಕೈಕವಾದ ಹಾಗೆ ವೃದ್ಧಿ ಸಂಧಿ ಎನ್ನಿ. ಅದು ಸಂಸ್ಕೃತಕ್ಕೆ ಮೀಸಲು ಎಂದು ಪಂಡಿತರು ತಗಾದೆ ತೆಗೆದರೆ ಲೋಪ ಸಂಧಿ ಎನ್ನಿ, ರೂಪ ಒಂದೇ. ಆದ್ದರಿಂದ 'ಕೋಲಾರ್‌ಐಟ್', 'ಕೊಲರೈಟ್' ಎಂದೆಲ್ಲ ಬರೆಯುವವರನ್ನು ಕಂಡರೆ ನನಗೆ ಕಸಿವಿಸಿ. ರೋಮನ್ ಲಿಪಿಯಲ್ಲಿ ದೀರ್ಘ ತೋರಿಸುವ ಗೋಜಿಲ್ಲದ್ದರಿಂದ ಇಂಗ್ಲಿಷ್ ಬಲ್ಲ ನಮ್ಮ ಲೇಖಕರು ಮನೆಯ ಪದವನ್ನೇ ಪರದೇಶದ ಪದದಂತೆ ಓದಿ, ಹಾಗೇ ಕನ್ನಡಕ್ಕೆ ಇಳಿಸುತ್ತಾರೆ. 'ಕೊಲರೈಟ್' ಎಂದು ಓದಿದ ಮಗುವಿಗೆ ಅದರೊಳಗೆ ಕೋಲಾರ ಕಾಣುವುದು ಹೇಗೆ?

ಬರವಣಿಗೆಯ ತಪ್ಪಿಗಿಂತ ಅರ್ಥದ ತಪ್ಪು ದೊಡ್ಡದು. ಸ್ಪರ್ಧಾತ್ಮಕ ಪರೀಕ್ಷೆಯ ಗೈಡೊಂದರಲ್ಲಿ 'ಕೋಲಾರೈಟ್: ಚಿನ್ನದ ಅದಿರು' ಎಂದು ಅಚ್ಚಾಗಿದ್ದನ್ನು ನೋಡಿದ್ದೇನೆ. ಪಾಪ, ಬರೆದವರು ಕೋಲಾರ ಎಂದರೆ ಚಿನ್ನ ಎಂದು ನಂಬಿದವರು. ಕೋಲಾರೈಟಿನಲ್ಲಿ ಗುಲಗಂಜಿಯಷ್ಟೂ ಚಿನ್ನವಿಲ್ಲ. ಅದು ಅದಿರೂ ಅಲ್ಲ. ಲಾಭಕ್ಕೆ ತೆಗೆಯಬಹುದಾದ ಲೋಹವಿದ್ದರೆ ಅದಿರು. ನಿರ್ದಿಷ್ಟ ರಾಸಾಯನಿಕ ರಚನೆಯುಳ್ಳ ನಿಸರ್ಗದ ವಸ್ತು ಖನಿಜ. ಖನಿಜಗಳು ಕೂಡಿದ್ದು ಶಿಲೆ. ಈ ಮೂರು ಒಳ್ಳೆಯ ಪದಗಳು ಕೈಯಲ್ಲಿದ್ದೂ ನಾವು ಒಂದರ ಜಾಗದಲ್ಲಿ ಇನ್ನೊಂದನ್ನು ಕೂರಿಸುತ್ತೇವೆ. ಊರಿನ ಹೆಸರು ಖನಿಜ ಎಲ್ಲಿ ಸಿಕ್ಕಿತು ಎಂದು ಹೇಳುತ್ತದೆಯೇ ಹೊರತು ಏನು ಎಂದು ಹೇಳುವುದಿಲ್ಲ. 'ಏನು' ಎಂಬುದನ್ನು ಹೇಳುವ ಹೆಸರುಗಳೂ ಇವೆ. ಪುಣೆಯ ಹತ್ತಿರ ವಾಘೋಲಿಯ ಕಲ್ಲುಗಣಿಗಳಲ್ಲಿ ಕಣ್ಣು ಕೋರೈಸುವ ನೀಲಿಯ ಕ್ಯಾವನ್‌ಸೈಟ್ ಸಿಗುತ್ತದೆ. ಮೊದಲು ಸಿಕ್ಕಿದ್ದು ಅಮೆರಿಕದ ಆರೆಗಾನ್‌ನಲ್ಲಿ. ಕ್ಯಾಲ್ಸಿಯಂ, ವೆನೇಡಿಯಂ, ಸಿಲಿಕೇಟ್ ಮೂರರ ತಲೆಗಳನ್ನು ಕತ್ತರಿಸಿ ಜೋಡಿಸಿದ ಹೆಸರು. ಉಪಯೋಗಕ್ಕೇನೋ ಬಂತು, ಅಷ್ಟು ಚೆಂದದ ನೀಲಿಗೆ ಅಂಗಡಿಯ ಬಿಲ್ಲಿನಂಥ ಹೆಸರು.

ರಾಧಾಕೃಷ್ಣೈಟಿನ ಪಾಡು ಇನ್ನೂ ತಮಾಷೆ. ಒಂದು ಸೆಪ್ಟೆಂಬರ್ 5ರಂದು ನಮ್ಮ ಶಾಲೆಯ ರಸಪ್ರಶ್ನೆಯಲ್ಲಿ ನಾನೇ ಈ ಪ್ರಶ್ನೆ ಇಟ್ಟೆ: ಈ ಖನಿಜ ಯಾರ ಹೆಸರಿನದು? ಮಕ್ಕಳೆಲ್ಲ ಒಕ್ಕೊರಲಿನಿಂದ ವೇದಿಕೆಯ ಮೇಲೆ ಹಾರ ಹಾಕಿಸಿಕೊಂಡಿದ್ದ ಫೋಟೊ ತೋರಿಸಿದರು. ಇಬ್ಬರು ಶಿಕ್ಷಕರೂ ತಲೆಯಾಡಿಸಿದರು. ಸರ್ವಪಲ್ಲಿಯವರದಾಗಿದ್ದರೆ ಅದು 'ರಾಧಾಕೃಷ್ಣನೈಟ್' ಆಗಬೇಕಿತ್ತು. ಒಂದು ನಕಾರ ಇಲ್ಲದಿರುವುದೇ ಉತ್ತರ. ಇದು ಬಿ. ಪಿ. ರಾಧಾಕೃಷ್ಣ ಅವರ ಹೆಸರು. ರಾಜ್ಯದ ಗಣಿ ಮತ್ತು ಭೂವಿಜ್ಞಾನ ಇಲಾಖೆಯ ನಿರ್ದೇಶಕರಾಗಿದ್ದವರು. 1958ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಭಾರತೀಯ ಭೂವೈಜ್ಞಾನಿಕ ಸಂಘದ ಸಂಸ್ಥಾಪಕರಲ್ಲೊಬ್ಬರು, ಅದರ ಪತ್ರಿಕೆಯನ್ನು ದೀರ್ಘಕಾಲ ಸಂಪಾದಿಸಿದವರು. ಅಂತರ್ಜಲದ ಬಗ್ಗೆ ಕನ್ನಡದಲ್ಲೂ ಬರೆದವರು. 2012ರಲ್ಲಿ ತೀರಿಕೊಂಡರು. ಖನಿಜಕ್ಕೆ ಹೆಸರಿಟ್ಟಾಗ ಅವರು ಬದುಕಿದ್ದರು. ಹೊಸ ಖನಿಜಗಳನ್ನು ಪರಿಶೀಲಿಸಿ ಒಪ್ಪುವ ಅಂತರರಾಷ್ಟ್ರೀಯ ಸಮಿತಿಯೊಂದಿದೆ. ಬದುಕಿರುವವರ ಹೆಸರಿಡಬೇಕಾದರೆ ಅವರನ್ನು ಕೇಳಿಯೇ ಇಡಬೇಕು, ಕಂಡುಹಿಡಿದವರು ತಮ್ಮ ಹೆಸರನ್ನೇ ಇಟ್ಟುಕೊಳ್ಳುವಂತಿಲ್ಲ ಎಂಬುದು ಅದರ ಶಿಸ್ತು. ಈ ಎರಡನೆಯ ನಿಯಮವನ್ನು ನಮ್ಮ ಬಸ್ ನಿಲ್ದಾಣಗಳ ಅಡಿಗಲ್ಲುಗಳಿಗೂ ಅನ್ವಯಿಸಬಾರದೇ ಎಂದು ಒಮ್ಮೊಮ್ಮೆ ಅನ್ನಿಸುವುದುಂಟು.

ವ್ಯಕ್ತಿಯ ಹೆಸರಿನ ಬಗ್ಗೆ ನನಗೆ ಮೊದಲು ಅಷ್ಟು ಗೌರವವಿರಲಿಲ್ಲ. ವಸ್ತುವಿಗೂ ಹೆಸರಿಗೂ ಏನು ಸಂಬಂಧ? ಬಿಳಿಗಿರಿರಂಗನ ಬೆಟ್ಟದ ಕಲ್ಲಿಗೆ ಚಾರ್ನೊಕೈಟ್ ಎನ್ನುತ್ತಾರೆ. ಅದು ಖನಿಜವಲ್ಲ, ಶಿಲೆ. ಕಲ್ಕತ್ತೆಯ ಜಾಬ್ ಚಾರ್ನೊಕ್ ಎಂಬ ಕಂಪನಿ ವ್ಯಾಪಾರಿಯ ಗೋರಿಗೆ ಬಳಸಿದ ಕಲ್ಲು ಅದೇ ಜಾತಿಯದೆಂಬ ಕಾರಣಕ್ಕೆ ಅವನ ಹೆಸರು ದಕ್ಷಿಣದ ಬೆಟ್ಟಗಳಿಗೆಲ್ಲ ಅಂಟಿತು. ರಂಗಪ್ಪನ ಸನ್ನಿಧಿಯಲ್ಲಿ ಚಾರ್ನೊಕ್! ಆದರೆ ಗೋಯಥೈಟ್ ಎಂಬ ಪದದ ಕಥೆ ಓದಿದ ದಿನ ನನ್ನ ಮನಸ್ಸು ಸ್ವಲ್ಪ ಬದಲಾಯಿತು. ಕಬ್ಬಿಣದ ತುಕ್ಕಿನಲ್ಲಿರುವ ಖನಿಜ ಅದು. ಮಲೆನಾಡು, ಕರಾವಳಿಗಳ ಜಂಬಿಟ್ಟಿಗೆಗೆ ಹಳದಿ, ಕಂದು ಬಣ್ಣ ಕೊಡುವುದು ಅದೇ. 1806ರಲ್ಲಿ ಜರ್ಮನಿಯ ಲೆನ್ಜ್ ಎಂಬ ವಿದ್ವಾಂಸ ಅದಕ್ಕೆ ಗೋಯಥೆಯ ಹೆಸರಿಟ್ಟ. ಹೌದು, ಕವಿ ಗೋಯಥೆಯೇ. ಆತ ಗಣಿಗಳ ಮೇಲ್ವಿಚಾರಣೆಯನ್ನೂ ನೋಡಿಕೊಂಡಿದ್ದ, ಸಾವಿರಾರು ಕಲ್ಲುಗಳನ್ನು ಕೂಡಿಹಾಕಿದ್ದ. ಶಿವಮೊಗ್ಗ ಕಡೆಯ ಕೆಂಪು ಗೋಡೆಯ ಮನೆಗಳಲ್ಲಿ ಒಬ್ಬ ಕವಿಯ ಹೆಸರು ಸೇರಿಕೊಂಡಿದೆ ಎಂದರೆ ಸಾಹಿತ್ಯ ಓದಿದವಳಿಗೆ ಹಿಗ್ಗಾಗದೆ ಇರುತ್ತದೆಯೇ? ನ್ಯಾಯವಾಗಿ ನೋಡಿದರೆ ಚಾರ್ನೊಕ್‌ನನ್ನು ಬೈದು ಗೋಯಥೆಯನ್ನು ಒಪ್ಪುವುದು ಪಕ್ಷಪಾತ. ಇರಲಿ, ಪಕ್ಷಪಾತವಿಲ್ಲದೆ ವಿಮರ್ಶೆ ಬರೆದವರು ಯಾರು?

ಕನ್ನಡೀಕರಣದ ಮಾತಿಗೆ ಬರುತ್ತೇನೆ. ನನ್ನ ಸಹೋದ್ಯೋಗಿ ಹಿರಿಯರೊಬ್ಬರು, ನಿಜವಾದ ಕನ್ನಡಾಭಿಮಾನಿ, "ಕೋಲಾರಾಶ್ಮ ಎನ್ನಿ, ಎಷ್ಟು ಗಂಭೀರವಾಗಿದೆ" ಎಂದರು. ಗಂಭೀರವೇನೋ ಹೌದು. ಆದರೆ ಅಶ್ಮ ಎಂದರೆ ಕಲ್ಲು. ಕೋಲಾರದ ಕಲ್ಲು ಎಂದರೆ ಅಂತರಗಂಗೆ ಬೆಟ್ಟದ ಬಂಡೆಯೂ ಕೋಲಾರಾಶ್ಮವೇ. ಗ್ರೀಕಿನ ಬಾಲ ಕಿತ್ತು ಸಂಸ್ಕೃತದ ಬಾಲ ಅಂಟಿಸಿದರೆ ಕನ್ನಡವಾಗುವುದು ಹೇಗೆಂದೂ ಕೇಳಿದೆ. ಅವರು ಎರಡು ದಿನ ಮಾತಾಡಿಸಲಿಲ್ಲ. ಅದು ಅಂಕಿತನಾಮ. ಮಾಸ್ಕೋದವನೂ ಟೊರಾಂಟೊದವನೂ ಮಾಲೂರಿನವನೂ ಒಂದೇ ವಸ್ತುವನ್ನು ಒಂದೇ ಹೆಸರಿನಿಂದ ಕರೆಯಲಿ ಎಂದು ಇಟ್ಟದ್ದು. ಅನುವಾದಿಸಿದರೆ ಆ ಕೆಲಸವೇ ಕೆಡುತ್ತದೆ.

ಹಾಗೆಂದು ಎಲ್ಲ ಕಲ್ಲಿಗೂ ಐಟ್ ಹಚ್ಚುವ ಈಗಿನ ಚಟವನ್ನು ನಾನು ಒಪ್ಪಲಾರೆ. ಬೆಣಚುಕಲ್ಲನ್ನು 'ಕ್ವಾರ್ಟ್ಜ್' ಎಂದು, ಬಳಪದ ಕಲ್ಲನ್ನು 'ಸ್ಟಿಯಟೈಟ್' ಎಂದು, ಕಾಗೆಬಂಗಾರವನ್ನು 'ಮೈಕಾ' ಎಂದು ಮಾತ್ರ ಕಲಿಸುವುದೇಕೆ? ಕಾಗೆಬಂಗಾರ! ಬಂಗಾರದಂತೆ ಮಿಂಚಿ ಮೋಸಮಾಡುವ ಪದರಕ್ಕೆ ಯಾರೋ ಹೊಲದಲ್ಲಿ ನಿಂತು ಇಟ್ಟ ಹೆಸರು. ಇವೆಲ್ಲ ಕೈಯಿಂದ ಮುಟ್ಟಿ, ಕಣ್ಣಿಂದ ನೋಡಿ ಇಟ್ಟ ಹೆಸರುಗಳು. ಕೋಲಾರೈಟನ್ನು ಯಾರೂ ಮುಟ್ಟಿಲ್ಲ, ಹೊಲದಲ್ಲಿ ಎಡವಿಲ್ಲ. ಅದಕ್ಕೆ ಊರಿನವರ ಹೆಸರು ಇರಲು ಸಾಧ್ಯವೇ ಇಲ್ಲ. ಯಂತ್ರ ನೋಡಿತು, ಪ್ರಯೋಗಶಾಲೆ ಹೆಸರಿಟ್ಟಿತು. ಮುಟ್ಟಿದ ಕಲ್ಲಿಗೆ ಮುಟ್ಟಿದವರ ಪದ, ಯಂತ್ರ ಕಂಡ ಕಣಕ್ಕೆ ಪ್ರಯೋಗಶಾಲೆಯ ಪದ: ನನ್ನ ಮಟ್ಟಿಗೆ ಇದೇ ಗೆರೆ. ಮುಟ್ಟಿದವರ ಪದವೂ ಒಮ್ಮೊಮ್ಮೆ ಲೋಕ ಸುತ್ತಿಬರುತ್ತದೆ. ಮಾಣಿಕ್ಯ, ನೀಲಗಳ ಮೂಲವಾದ ಕೊರಂಡಂ ಎಂಬ ಶಾಸ್ತ್ರೀಯ ಹೆಸರು ನಮ್ಮ ದಕ್ಷಿಣದ್ದೇ: ಸಂಸ್ಕೃತದ ಕುರುವಿಂದ, ತಮಿಳಿನ ಕುರುಂದಂ. ಅದಕ್ಕೆ ಬಾಲವೂ ಬೇಕಾಗಲಿಲ್ಲ.

ಊರಿನ ಹೆಸರು ಇಟ್ಟಮಾತ್ರಕ್ಕೆ ಅದು ಶಾಶ್ವತವೆಂದೂ ಅಲ್ಲ. ಮಧ್ಯಪ್ರದೇಶದ ಛಿಂದ್ವಾಡಾ ಜಿಲ್ಲೆಯ ಸೀತಾಪಾರ್ ಎಂಬ ಹಳ್ಳಿಯ ಹೆಸರಿನಲ್ಲಿ ಫರ್ಮರ್ ಎಂಬ ಭೂವಿಜ್ಞಾನಿ 1909ರಲ್ಲಿ ಸೀತಾಪಾರೈಟ್ ಎಂದು ಒಂದು ಖನಿಜಕ್ಕೆ ಹೆಸರಿಟ್ಟ. ಅದು ಅಮೆರಿಕದಲ್ಲಿ 1897ರಲ್ಲೇ ಹೆಸರು ಪಡೆದಿದ್ದ ಬಿಕ್ಸ್‌ಬೈಟೇ ಎಂದು ಆಮೇಲೆ ಗೊತ್ತಾಯಿತು. ಮೊದಲಿಟ್ಟ ಹೆಸರಿಗೆ ಮನ್ನಣೆ. ಸೀತಾಪಾರ್ ಪಟ್ಟಿಯಿಂದ ಹೊರಬಿತ್ತು. ಆ ಹಳ್ಳಿಯಲ್ಲೂ ನನ್ನಂಥ ಟೀಚರೊಬ್ಬಳು ಯಾವುದಾದರೂ ಮಗುವಿನ ಪುಸ್ತಕದಲ್ಲಿ ಗೆರೆ ಎಳೆದಿದ್ದರೆ ಅವಳು ಬಚಾವು.

ನನ್ನ ದೊಡ್ಡ ತಕರಾರು ಬೇರೆ ಇತ್ತು. ಖನಿಜ ಸಿಕ್ಕಿದ್ದು ಕೋಲಾರದಲ್ಲಲ್ಲ. ಗಂಗರ ಕಾಲದಲ್ಲಿ ಕುವಲಾಲ ಎನಿಸಿಕೊಂಡಿದ್ದ ಕೋಲಾರ ಪಟ್ಟಣಕ್ಕೂ ಗಣಿಗೂ ಸುಮಾರು 30 ಕಿಲೋಮೀಟರ್ ದೂರ. ಗಣಿಯ ಜನ ತಮ್ಮ ಊರನ್ನು ಕೋಲಾರ ಎನ್ನುವುದಿಲ್ಲ; ಮಾರಿಕುಪ್ಪಂ, ಉರಿಗಾಂ, ಚಾಂಪಿಯನ್ ರೀಫ್ ಎನ್ನುತ್ತಾರೆ, ಒಟ್ಟಾಗಿ ಕೆಜಿಎಫ್ ಎನ್ನುತ್ತಾರೆ. ಭೂಪಟ ನೋಡಿ ಹೆಸರಿಟ್ಟಿದ್ದಾರೆ, ಇಳಿದವರನ್ನು ಕೇಳಿಲ್ಲ ಎಂದು ನಾನು ಒಂದೆರಡು ಸಭೆಗಳಲ್ಲಿ ಭಾಷಣವನ್ನೂ ಮಾಡಿದೆ. ಒಂದು ಶತಮಾನಕ್ಕೂ ಮೀರಿ ನಡೆದು, ಸುಮಾರು 800 ಟನ್ ಚಿನ್ನ ಕೊಟ್ಟು, 2001ರ ಫೆಬ್ರುವರಿ 28ರಂದು ಮುಚ್ಚಿಹೋದ ಗಣಿಯಲ್ಲಿ ಇಳಿದವರ ಹೆಸರು ಯಾವ ಐಟ್‌ನಲ್ಲೂ ಇಲ್ಲ ಎಂದೆ. ಚಪ್ಪಾಳೆ ಬಂತು.

ಆಮೇಲೆ ಒಂದು ರಾತ್ರಿ ಆ ನೋಟ್‌ಬುಕ್ಕಿನ ವಾಕ್ಯ ನೆನಪಾಯಿತು. 'ನಮ್ಮ ಊರಿನ ಹೆಸರಿಟ್ಟ' ಎಂದು ಬರೆದಿದ್ದಳಲ್ಲ? ಲೈನ್ ಮನೆಯ ಹುಡುಗಿ. ಅವಳಿಗೆ 30 ಕಿಲೋಮೀಟರಿನ ತಕರಾರು ಬಂದಿರಲಿಲ್ಲ. ಕಲ್ಲು ಒಡೆದು ತಂದವನು ಅವಳ ಚಿತ್ತಪ್ಪ, ಕಲ್ಲಿಗೆ ಇಟ್ಟ ಹೆಸರು ಕೋಲಾರ, ಆದ್ದರಿಂದ ಅದು ನಮ್ಮ ಊರಿನ ಹೆಸರು. ಕನ್ನಡ ಬಾರದವಳೆಂದು ನಾನು ತಿಳಿದಿದ್ದವಳು ಕನ್ನಡದ ಒಂದು ಊರಿನ ಹೆಸರನ್ನು ತನ್ನದೆಂದು ಬರೆದಿದ್ದಳು. ಅದನ್ನೇ ನಾನು ಹೊಡೆದುಹಾಕಿದ್ದೆ. ಭಾಷಣದಲ್ಲಿ ನಾನು ಯಾರ ಪರ ವಾದಿಸುತ್ತಿದ್ದೆನೋ ಅವರ ಮಾತು ನನಗೆ ಮೊದಲೇ ಸಿಕ್ಕಿತ್ತು, ಅರ್ಧ ಅಂಕ ಕಡಿಮೆ ಕೊಟ್ಟು ವಾಪಸು ಕಳಿಸಿದ್ದೆ.

ಅವಳು ಈಗ ಎಲ್ಲಿದ್ದಾಳೋ ತಿಳಿಯದು. ಗಣಿ ಮುಚ್ಚಿದ ಮೇಲೆ ಆ ಲೈನ್ ಮನೆಗಳಿಂದ ಎಷ್ಟೋ ಜನ ಬೆಳಗಿನ ಜಾವದ ರೈಲಿಗೆ ಬೆಂಗಳೂರಿಗೆ ಹೋಗಿ ರಾತ್ರಿ ಹಿಂತಿರುಗುವವರಾದರು. ಆ ರೈಲಿನಲ್ಲಿ ನಾನೂ ಹಲವು ಸಲ ಬಂದಿದ್ದೇನೆ, ನಲವತ್ತರ ಅಂಚಿನ ಹೆಣ್ಣುಮಕ್ಕಳ ಮುಖ ನೋಡಿದ್ದೇನೆ. ಗುರುತು ಹಿಡಿಯುವುದು ಸುಲಭವಲ್ಲ.

ಈಗ ಉಕ್ತಲೇಖನ ಕೊಡುವಾಗ ಕೊನೆಯ ಪದವಾಗಿ ಕೋಲಾರೈಟ್ ಹೇಳುತ್ತೇನೆ. ಕೆಲವರು 'ಕೋಲಾರಯಿಟ್' ಎಂದು ಬರೆಯುತ್ತಾರೆ, ಸರಿ ಹಾಕುತ್ತೇನೆ. ಹೋದ ವರ್ಷ ಒಬ್ಬ ಹುಡುಗ 'ಕೋಳಾರೈಟ್' ಎಂದು ಬರೆದ. ಗೆರೆ ಎಳೆಯಲು ಹೋದವಳು ನಿಲ್ಲಿಸಿ, ಯಾಕಪ್ಪಾ ಎಂದು ಕೇಳಿದೆ. ಅವರ ಅಜ್ಜಿ ಕೋಳಾರ ಎಂದೇ ಹೇಳುವುದಂತೆ.